ಅಪ್ಪನನ್ನು ಒಳಗೆ ಕರೆದ ಮನೆ

ಇಲ್ಲಿ ಒಂದು ದ್ವೀಪದಲ್ಲಿ ಸಂಜೆಯಾದರೆ ನೆಲ ಅಳುತ್ತದೆ. ಊರಿನಲ್ಲಿ ಇದನ್ನು ಹೇಳಿದರೆ, ಇವಳಿಗೆ ಅಲ್ಲಿ ಹೋಗಿ ತಲೆ ಕೆಟ್ಟಿತು ಅಂತ ನಗುತ್ತೀರಿ, ನನಗೆ ಗೊತ್ತು. ನಗಿ, ಅಡ್ಡಿಯಿಲ್ಲ. ಆದರೆ ಹುಲ್ಲಿನ ಬುಡದಿಂದ, ಮರಳಿನ ಒಳಗಿನಿಂದ, ಹಸಿದ ಕೂಸುಗಳೆಲ್ಲ ಒಟ್ಟಿಗೆ ಅತ್ತ ಹಾಗೆ ದನಿ ಎದ್ದದ್ದನ್ನು ಕೇಳಿದ ಮೇಲೆ ನಾನಂತೂ ನಗುವುದನ್ನು ಬಿಟ್ಟಿದ್ದೇನೆ. ನನ್ನ ತೋಳಿನಲ್ಲಿದ್ದ ಮಗಳು ಮಾತ್ರ ಆ ಹೊತ್ತಿಗೆ ಅಳಲಿಲ್ಲ. ಕಣ್ಣು ಬಿಟ್ಟುಕೊಂಡು ಕೇಳುತ್ತಿದ್ದಳು.

ಮೊದಲಿನಿಂದಲೇ ಹೇಳುತ್ತೇನೆ. ನಾನು ಮಲ್ಪೆಯ ಹತ್ತಿರದ ಮೀನುಗಾರರ ಮನೆಯವಳು. ಗಂಡ ಸುಕೇಶ್ ಅಲ್ಲಿಯ ಬಂದರಿನ ಐಸ್ ಪ್ಲಾಂಟುಗಳಲ್ಲಿ ಯಂತ್ರ ರಿಪೇರಿ ಮಾಡುತ್ತಿದ್ದವರು. ಆ ಕೆಲಸದ ಮೇಲೆಯೇ ವೀಸಾ ಸಿಕ್ಕಿತು. ಆಸ್ಟ್ರೇಲಿಯಾ ಅಂದರೆ ಕಂಪ್ಯೂಟರಿನವರಿಗೆ ಮಾತ್ರ ಅಂದುಕೊಂಡಿದ್ದ ನಮ್ಮ ನೆರೆಕರೆಯವರಿಗೆ, ಮಂಜುಗಡ್ಡೆ ಮಾಡುವವನನ್ನೂ ಕರೆಯುತ್ತಾರಾ ಅಂತ ದೊಡ್ಡ ಆಶ್ಚರ್ಯ.

ಮೊದಲು ಇಳಿದದ್ದು ಸಿಡ್ನಿಯಲ್ಲಿ. ಅಲ್ಲಿಯೇ ಲಿವರ್‌ಪೂಲ್ ಅನ್ನುವ ಸಬರ್ಬಿನಲ್ಲಿ ಒಂದು ಯೂನಿಟ್. ಯೂನಿಟ್ ಅಂದರೆ ಇಲ್ಲಿಯ ಫ್ಲ್ಯಾಟ್. ಆಸ್ಪತ್ರೆಗೆ ಬರುವ ಹೆಲಿಕಾಪ್ಟರ್ ನಮ್ಮ ಮಾಡಿನ ಮೇಲೆಯೇ ಹೋಗುತ್ತಿತ್ತು. ಸುತ್ತ ಇರಾಕಿನವರು, ವಿಯೆಟ್ನಾಮಿನವರು, ಫಿಜಿಯವರು. ಅಡುಗೆಯ ವಾಸನೆಯಿಂದ ಎಲ್ಲರ ಪರಿಚಯವಾಯಿತು, ಮುಖದ ಪರಿಚಯ ಆಗಲೇ ಇಲ್ಲ. ನಾನು ಮೊದಲ ಸಲ ಬಂಗುಡೆ ಹುರಿದ ದಿನ ಸ್ಮೋಕ್ ಅಲಾರ್ಮ್ ಬೊಬ್ಬೆ ಹಾಕಿ ಇಡೀ ಮಹಡಿಯ ಜನ ಹೊರಗೆ ಬಂದರು. ಅಷ್ಟು ಜನ ನಮ್ಮ ಬಾಗಿಲಿಗೆ ಬಂದದ್ದು ಅದೇ ಮೊದಲು, ಅದೇ ಕೊನೆ.

ನನಗೆ ಸಂಕಟವಾದದ್ದು ಅದೇ. ಊರಿನಲ್ಲಿ ಯಾರೂ ಬೆಲ್ ಒತ್ತುವುದಿಲ್ಲ, ಅಂಗಳದಲ್ಲಿ ನಿಂತು ಹೆಸರು ಹಿಡಿದು ಕರೆಯುತ್ತಾರೆ. ನಾವು ಒಳಗಿನಿಂದಲೇ ಓಗೊಡುತ್ತೇವೆ. ಇಲ್ಲಿ ಬರುವ ಮೊದಲು ಮೆಸೇಜ್ ಹಾಕಬೇಕು, ಬಂದ ಮೇಲೆ ಮತ್ತೊಂದು ಮೆಸೇಜ್. ನನ್ನ ಹೆಸರು ಯಾರ ಬಾಯಲ್ಲೂ ಬಾರದೆ ಹೋದ ವಾರಗಳುಂಟು. ಒಮ್ಮೆ ನಾನೇ ಬಾಲ್ಕನಿಯಲ್ಲಿ ನಿಂತು "ಸುಜಾತಾ" ಅಂತ ಕರೆದು ನೋಡಿದೆ. ಕೆಳಗೆ ಕಸದ ಡಬ್ಬಿ ಎಳೆಯುತ್ತಿದ್ದ ಅಂಕಲ್ ತಲೆ ಎತ್ತಿ ನೋಡಿ, ಪಾಪ ಅನ್ನುವ ಮುಖ ಮಾಡಿ ಹೋದರು.

ಆಮೇಲೆ ಸುಕೇಶ್‌ಗೆ ಮೆಲ್ಬರ್ನಿನ ಟ್ರುಗನಿನಾದ ಒಂದು ಕೋಲ್ಡ್ ಸ್ಟೋರೇಜಿನಲ್ಲಿ ಕೆಲಸ ಸಿಕ್ಕಿ ಅಲ್ಲಿಗೆ ಹೋದೆವು. ಗುಡ್ಡವಿಲ್ಲ, ಮರವಿಲ್ಲ, ಗೋದಾಮುಗಳ ನಡುವೆ ಗಾಳಿ ಒಂದೇ ಸಮನೆ ಬೀಸುವ ಸಬರ್ಬ್. ಬಾಡಿಗೆ ಮನೆ ನೋಡಲು ನಮ್ಮ ಹಾಗೆಯೇ ಬಂದ ಹತ್ತಾರು ಜೋಡಿಗಳು ಸಾಕ್ಸ್ ಹಾಕಿದ ಕಾಲಿನಲ್ಲಿ ಸದ್ದಿಲ್ಲದೆ ಕೋಣೆ ಕೋಣೆ ಸುತ್ತುವುದನ್ನು ಕಂಡರೆ ಸತ್ತವರ ಮನೆಗೆ ಬಂದ ಹಾಗೆ ಆಗುತ್ತಿತ್ತು. ಕೊನೆಗೆ ನಮಗೂ ಒಂದು ಮನೆ ಸಿಕ್ಕಿತು. ಗೋಡೆಗೆ ಮೊಳೆ ಹೊಡೆಯುವಂತಿಲ್ಲ, ಆಗಾಗ ಏಜೆಂಟ್ ಬಂದು ಇನ್‌ಸ್ಪೆಕ್ಷನ್ ಮಾಡುತ್ತಾಳೆ. ಆದರೂ ನಾನು ಖುಷಿಯಲ್ಲಿದ್ದೆ. ಚೈಲ್ಡ್‌ಕೇರಿನಲ್ಲಿ ಕೆಲಸ ಹಿಡಿದೆ, ಫ್ರೀವೇಯಲ್ಲಿ ಕಾರು ಓಡಿಸಿದೆ, 'ಆರ್ವೋ' ಅಂದರೆ ಮಧ್ಯಾಹ್ನ ಅಂತ ತಿಳಿಯಿತು. ಮಗಳು ಹುಟ್ಟುವ ಹೊತ್ತಿಗೆ ಅಮ್ಮನನ್ನು ಬಾಣಂತನಕ್ಕೆ ಕರೆಸಿಕೊಂಡೆ.

ಅಮ್ಮ ಬಂದರು, ಬಂದವರು ಮೀನು ಮುಟ್ಟಲಿಲ್ಲ. ಇದು ಹೊಸ ಸಂಗತಿಯಲ್ಲ, ಆದರೆ ಇಲ್ಲಿ ದಿನವೂ ಎದುರಿಗೆ ಕೂತು ನೋಡಬೇಕಾಯಿತು. ಹುಟ್ಟಿದಂದಿನಿಂದ ಮೀನಿನ ಬುಟ್ಟಿ ಹೊತ್ತ ಹೆಂಗಸು ತೊವ್ವೆ ಅನ್ನ ಕಲಸಿಕೊಂಡು ಗೋಡೆ ನೋಡುತ್ತಾ ಉಣ್ಣುವುದು! ಅಪ್ಪ ಹೋದ ದಿನದಿಂದ ಹೀಗೆ.

ಅಪ್ಪ ಹೋದದ್ದು ಮಳೆಗಾಲದಲ್ಲಿ. ನಾಡದೋಣಿ ಅಳಿವೆಯ ಬಾಯಲ್ಲಿ ಮಗುಚಿತು. ಉಳಿದವರು ಈಜಿ ದಡ ಸೇರಿದರು. ಅಪ್ಪ ಸಿಗಲಿಲ್ಲ, ಆಮೇಲೂ ಏನೂ ಸಿಗಲಿಲ್ಲ. ದರ್ಭೆಯ ಬೊಂಬೆ ಮಾಡಿ ಸುಟ್ಟು ಬೊಜ್ಜ ಮಾಡಿದೆವು. ಬೊಜ್ಜ ಅಂದರೆ ನಮ್ಮ ತುಳುವರ ಉತ್ತರಕ್ರಿಯೆ. ಆ ಸಂಜೆ 'ಒಳಗೆ ಕರೆಯುವುದು' ಅಂತ ಒಂದು ಕ್ರಮ ಉಂಟು. ಸತ್ತವರು ಅಷ್ಟು ದಿನ ಹೊರಗೆ, ತೆಂಗಿನ ಬುಡದಲ್ಲೋ ಕೊಟ್ಟಿಗೆಯ ಮರೆಯಲ್ಲೋ ನಿಂತಿರುತ್ತಾರಂತೆ. ಒಳಗಿನ ಕೋಣೆಯಲ್ಲಿ ಬಾಳೆಲೆಯಲ್ಲಿ ಅವರಿಗೆ ಇಷ್ಟವಾದದ್ದನ್ನು ಬಡಿಸಿ, ದೀಪ ಇಟ್ಟು, ಮಗ ಅಂಗಳಕ್ಕಿಳಿದು ಕತ್ತಲಿಗೆ ಮುಖ ಮಾಡಿ ಕರೆಯುತ್ತಾನೆ. ಆಮೇಲೆ ಕೋಣೆಯ ಬಾಗಿಲು ಎಳೆದುಕೊಂಡು ಎಲ್ಲರೂ ಹೊರಗೆ ಮಾತಿಲ್ಲದೆ ಕೂರಬೇಕು. ತೆಗೆಯುವ ಮೊದಲು ಒಮ್ಮೆ ಕೆಮ್ಮಬೇಕು, ಒಳಗೆ ಉಣ್ಣುವವರಿಗೆ ಗೊತ್ತಾಗಲಿ ಅಂತ. ಎಲೆಯಲ್ಲಿ ಏನಾದರೂ ಸ್ವಲ್ಪ ಅಲುಗಿದ್ದರೆ ಬಂದರು ಅಂತ ಅರ್ಥ. ಹಾಗೆ ಒಳಗೆ ಬಂದವರು ಆ ಮನೆಯ ಹಿರಿಯರ ಜೊತೆ ಸೇರುತ್ತಾರೆ, ಮತ್ತೆ ಅಲೆಯುವುದಿಲ್ಲ.

ನನ್ನ ಅಣ್ಣ ಯತೀಶ ಕರೆದ. ಬಾಗಿಲು ತೆಗೆದಾಗ ಬಂಗುಡೆ ಇಟ್ಟ ಹಾಗೆಯೇ ಇತ್ತು, ಅನ್ನದ ಒಂದು ಅಗುಳು ಕದಲಿರಲಿಲ್ಲ. ದೊಡ್ಡವರೆಲ್ಲ ಒಬ್ಬರ ಮುಖ ಒಬ್ಬರು ನೋಡಿ, ಆಯಿತು, ಕ್ರಮ ಮುಗಿಯಿತು ಅಂದರು. ಅಮ್ಮ ಮಾತ್ರ ಒಪ್ಪಲಿಲ್ಲ. ಅವರು ಅಪ್ಪನ ಹೆಸರು ಹಿಡಿದವರಲ್ಲ. "ಕೇಳಿತಾ?" ಅಂತಲೇ ಜೀವಮಾನ ಪೂರ್ತಿ ಕರೆದದ್ದು. ಅಪ್ಪ ಬಲೆ ನೇಯುತ್ತಾ ಕೂತರೆ ಮಕ್ಕಳು ಎಷ್ಟು ಕೂಗಿದರೂ ಕಿವಿಗೆ ಹಾಕಿಕೊಳ್ಳುತ್ತಿರಲಿಲ್ಲ, ಅಮ್ಮನ ಆ ಒಂದು ಮಾತಿಗೆ ಎದ್ದು ಬರುತ್ತಿದ್ದರು. ತಾನು ಕರೆಯಬೇಕಿತ್ತು, ಯತೀಶನ ದನಿ ಅವರಿಗೆ ಕೇಳಿಸಿಲ್ಲ, ಅವರಿನ್ನೂ ನೀರಿನಲ್ಲೇ ಇದ್ದಾರೆ ಅನ್ನುವುದು ಅಮ್ಮನ ಹಟ. ನೀರಿನಲ್ಲಿದ್ದವರನ್ನು ಬಿಟ್ಟು ನೀರಿನದ್ದನ್ನು ಹೇಗೆ ತಿನ್ನಲಿ ಅನ್ನುವರು. ನಾನು ಇಂಥದ್ದನ್ನೆಲ್ಲ ನಂಬುವವಳಲ್ಲ. ದುಃಖ, ಕಾಲ ಕಳೆದರೆ ಸರಿಹೋಗುತ್ತದೆ ಅಂದುಕೊಂಡಿದ್ದೆ.

ಅಮ್ಮನಿಗೆ ಒಂದು ಗಾಳಿ ಬದಲಾವಣೆ ಆಗಲಿ ಅಂತ ಇಲ್ಲಿ ಬೇಸಿಗೆಯಾದ ಡಿಸೆಂಬರಿನ ಒಂದು ದಿನ ಫಿಲಿಪ್ ಐಲ್ಯಾಂಡಿಗೆ ಹೊರಟೆವು. ಎಲ್ಲರೂ ಪೆಂಗ್ವಿನ್ ನೋಡಲು ಹೋಗುವ ದ್ವೀಪ. ನಮಗೆ ಟಿಕೆಟ್ ಸಿಗಲಿಲ್ಲ. ಚಹಾ ಕುಡಿದ ಅಂಗಡಿಯವಳು, ಹಾಗಾದರೆ ಆಚೆ ತುದಿಗೆ ಹೋಗಿ ಮಟನ್ ಬರ್ಡ್ ನೋಡಿ ಅಂದಳು. ಕುರಿಗೂ ಇದಕ್ಕೂ ಸಂಬಂಧವಿಲ್ಲ, ಹಿಂದೆ ಇದರ ಮಾಂಸ ತಿಂದವರು ಇಟ್ಟ ಹೆಸರು. ಮಸಿ ಬಣ್ಣದ ಕಡಲ ಹಕ್ಕಿ. ಮರಳಗುಡ್ಡದ ಹುಲ್ಲಿನ ಕೆಳಗೆ ಬಿಲ ತೋಡಿ, ಬಿಲದೊಳಗೆ ಒಂದೇ ಒಂದು ಮೊಟ್ಟೆ ಇಡುತ್ತದೆ. ಹಗಲೆಲ್ಲ ಒಂದು ಹಕ್ಕಿ ನೆಲದೊಳಗೆ ಕಾಯುತ್ತದೆ, ಇನ್ನೊಂದು ಕಡಲಲ್ಲಿರುತ್ತದೆ. ಇಡೀ ಗುಡ್ಡ ಅವುಗಳಿಗೆ ಮೀಸಲು. ಹಲಗೆಯ ದಾರಿ ಬಿಟ್ಟು ಕಾಲಿಡುವಂತಿಲ್ಲ, ಟಾರ್ಚ್ ಹಾಕುವಂತಿಲ್ಲ.

ಅಲ್ಲಿ ಕಾವಲಿಗಿದ್ದ ರೇಂಜರ್ ಗಡ್ಡದ ಮನುಷ್ಯ, ಮೆಲುದನಿಯವನು. ಏಪ್ರಿಲ್ ಬಂತೆಂದರೆ ಇವು ಭೂಮಿಯ ಇನ್ನೊಂದು ತುದಿಗೆ, ಉತ್ತರದ ಹಿಮಸಮುದ್ರಕ್ಕೆ ಹೊರಡುತ್ತವೆ ಅಂದ. ಅಲ್ಲಿಯೂ ಹಕ್ಕಿಗಳಿಗೆಂದೇ ಬಿಟ್ಟ ದ್ವೀಪಗಳುಂಟಂತೆ, ಮನುಷ್ಯರು ಇಳಿಯುವಂತಿಲ್ಲ. ಆ ದ್ವೀಪಗಳಲ್ಲಿ ಬೇರೆ ಹಕ್ಕಿಗಳು ಮರಿ ಮಾಡುವಾಗ ಇವು ಸುತ್ತಲಿನ ನೀರಿನಲ್ಲಿ ಪರದೇಶಿಗಳ ಹಾಗೆ ಉಂಡು ತಿರುಗುತ್ತವೆ. ಸೆಪ್ಟೆಂಬರ್ ಕೊನೆಗೆ ಮತ್ತೆ ಇದೇ ದ್ವೀಪ, ಹೆಚ್ಚಾಗಿ ಅದೇ ಬಿಲ. ತಂದೆತಾಯಿ ಮೊದಲು ಹೊರಡುತ್ತವೆ, ಮರಿಗಳು ಆಮೇಲೆ ತಾವೇ ದಾರಿ ಹುಡುಕಿಕೊಂಡು ಹೋಗುತ್ತವೆ ಅಂದ. ಸುಕೇಶ್ ಇದನ್ನೆಲ್ಲ ಅಮ್ಮನಿಗೆ ತುಳುವಿನಲ್ಲಿ ಹೇಳಿದರು. ಬಿಲದೊಳಗೆ ಇರುವುದು ಹೆಣ್ಣಾ ಅಂತ ಅಮ್ಮ ಕೇಳಿದರು. ಇಬ್ಬರೂ ಸರದಿ ಮೇಲೆ ಅಂದದ್ದು ಅವರಿಗೆ ರುಚಿಸಿದ ಹಾಗೆ ಕಾಣಲಿಲ್ಲ.

ಸೂರ್ಯ ಮುಳುಗಿದ. ದೂರದ ನೀರಿನ ಮೇಲೆ ಕಪ್ಪು ಪಟ್ಟಿಯೊಂದು ಅಗಲವಾಗುತ್ತಾ ಬಂತು. ಆಮೇಲೆ ಬಂದವು ಮಾರಾಯ್ರೆ. ಕೂಗಿಲ್ಲ, ಕಿರುಚಿಲ್ಲ. ಕಿವಿಯ ಪಕ್ಕದಿಂದ ಬೀಸಣಿಗೆ ಆಡಿಸಿದ ಹಾಗೆ ಗಾಳಿ ಮಾತ್ರ, ನೂರಾರು ಕಡೆಯಿಂದ. ಮೊದಲನೆಯವು ನೆಲ ಮುಟ್ಟಿದ್ದೇ ತಡ, ಕೆಳಗಿನಿಂದ ಆ ಅಳು ಶುರುವಾಯಿತು. ಹೊರಗಿನವರು ಒಂದು ಅಳುವುದು, ಒಳಗಿನವರು ಅದಕ್ಕೆ ಇನ್ನೊಂದು ಅಳುವುದು. ಒಳಗೆ ಇರುವವರು ಹೊರಗೆ ಇರುವವರನ್ನು ಕರೆಯುತ್ತಿದ್ದಾರೆ ಅನ್ನುವುದು ಯಾರೂ ಹೇಳದೆ ತಿಳಿಯುತ್ತಿತ್ತು.

ಅಮ್ಮ ಬೆಂಚಿನಿಂದ ಎದ್ದರು. ಸೆರಗು ಸರಿ ಮಾಡಿಕೊಂಡರು. ಕಡಲ ಕಡೆ ಮುಖ ಮಾಡಿ, ಅಡುಗೆಮನೆಯಿಂದ ಕರೆಯುವಷ್ಟೇ ದನಿಯಲ್ಲಿ ಅಂದರು:

"ಕೇಳಿತಾ? ನಾನು. ಒಳಗೆ ಬನ್ನಿ."

ಮತ್ತೊಮ್ಮೆ ಅಂದರು. ಮೂರನೆಯ ಸಲಕ್ಕೆ ರೇಂಜರ್ ಬಂದ. ಗದರಿಸಲು ಬಂದ ಅಂದುಕೊಂಡೆ. ಅವನು ಕೆಳದನಿಯಲ್ಲಿ, ನಿಮ್ಮವರು ಯಾರಾದರೂ ತಪ್ಪಿಸಿಕೊಂಡಿದ್ದಾರಾ, ಕೊನೆಗೆ ಎಲ್ಲಿ ನೋಡಿದಿರಿ ಅಂತ ಕೇಳಿದ, ಕೈಯಲ್ಲಿ ಆಗಲೇ ವೈರ್‌ಲೆಸ್ ಇತ್ತು. ಸುಕೇಶ್ ಪೆಚ್ಚಾಗಿ, ಹೌದು, ಬಹಳ ಹಿಂದೆ, ಬೇರೆ ಸಮುದ್ರದಲ್ಲಿ ಅಂದರು. ಆ ಮನುಷ್ಯ ವೈರ್‌ಲೆಸ್ ಇಳಿಸಿ ಅಮ್ಮನ ಪಕ್ಕ ಬಂದು ನಿಂತ.

ಆಗ ಒಂದು ಹಕ್ಕಿ ಅಮ್ಮನ ಕಾಲಬುಡದಲ್ಲಿ ದೊಪ್ಪನೆ ಬಿತ್ತು. ಇವು ಇಳಿಯುವುದೇ ಹಾಗೆ, ಕಡಲಲ್ಲಿ ಎಷ್ಟು ಚಂದವೋ ನೆಲದ ಮೇಲೆ ಅಷ್ಟು ಅಧ್ವಾನ ಅಂತ ರೇಂಜರ್ ಆಗಲೇ ಹೇಳಿದ್ದ. ಅದು ಎದ್ದು, ತಲೆ ಓರೆ ಮಾಡಿ ಅಮ್ಮನನ್ನು ನೋಡಿ, ಕುಡಿದವರ ಹಾಗೆ ತೂರಾಡುತ್ತಾ ಅವರ ಪಾದದ ಮೇಲಿಂದಲೇ ದಾಟಿ ಹುಲ್ಲಿನೊಳಗೆ ಹೋಯಿತು.

"ಬಂದರು. ನಡಿ, ಮನೆಗೆ ಹೋಗುವ," ಅಂದರು ಅಮ್ಮ.

ಕಾರು ಹತ್ತುವಾಗ ಹಿಂದಿನ ನಡುಸೀಟಿನಲ್ಲಿದ್ದ ಕೂಸಿನ ಬ್ಯಾಗನ್ನು ಎತ್ತಿ ತನ್ನ ಮಡಿಲಿಗೆ ಹಾಕಿಕೊಂಡರು. ಆ ಸೀಟು ದಾರಿ ಪೂರ್ತಿ ಖಾಲಿ ಇತ್ತು. ನಾನು ಹಿಂದೆ ತಿರುಗಿ ನೋಡಲಿಲ್ಲ, ಧೈರ್ಯ ಬರಲಿಲ್ಲ. ಕಿಟಕಿ ಎಲ್ಲ ಹಾಕಿಯೇ ಇತ್ತು. ಆದರೂ ಕಾರಿನೊಳಗೆ ಉಪ್ಪುನೀರಿನ, ಸೀಮೆಎಣ್ಣೆಯ ವಾಸನೆ. ಊರಿನಲ್ಲಿ ನಾಡದೋಣಿಯ ಯಂತ್ರಕ್ಕೆ ಹಾಕುವುದು ಸೀಮೆಎಣ್ಣೆ. ಈ ದೇಶಕ್ಕೆ ಬಂದ ಮೇಲೆ ನಾನು ಅದನ್ನು ಕಣ್ಣಿನಿಂದಲೂ ನೋಡಿಲ್ಲ.

ಮರುದಿನ ಸಂಜೆ ಅಮ್ಮ ತಾವು ಮಲಗುವ ಕೋಣೆ ಖಾಲಿ ಮಾಡಿಸಿದರು. ಇಂಡಿಯನ್ ಅಂಗಡಿಯ ಫ್ರೀಜರಿನಿಂದ ತಂದ ಬಾಳೆಲೆ ಬಿಸಿನೀರಿನಲ್ಲಿ ಮೆತ್ತಗಾಯಿತು. ಕುಚ್ಚಲಕ್ಕಿ ಅನ್ನ, ಹುಳಿಖಾರ ಹಾಕಿದ ಬಂಗುಡೆ ಪುಳಿಮುಂಚಿ. ಅಮ್ಮ ಅಷ್ಟು ವರ್ಷದ ಮೇಲೆ ಮೀನು ಕೈಯಲ್ಲಿ ಹಿಡಿದದ್ದು ಅಂದೇ. ಸುಕೇಶ್ ಸ್ಮೋಕ್ ಅಲಾರ್ಮಿಗೆ ಪ್ಲಾಸ್ಟಿಕ್ ಚೀಲ ಕಟ್ಟಿದರು. ಅಮ್ಮ ಮುಂಬಾಗಿಲಲ್ಲಿ ನಿಂತು ಕರೆಯುವಾಗ ಎದುರು ಮನೆಯ ಪಂಜಾಬಿ ಆಂಟಿ ತನ್ನನ್ನೇ ಅಂದುಕೊಂಡು ಕೈ ಬೀಸಿದರು. ಬಾಗಿಲು ಎಳೆದುಕೊಂಡು ನಾವು ಪ್ಯಾಸೇಜಿನಲ್ಲಿ ಕೂತೆವು. ಒಳಗಿನಿಂದ ಸದ್ದೇನೂ ಇಲ್ಲ. ಕೊನೆಗೆ ಅಮ್ಮ ಕೆಮ್ಮಿ ಬಾಗಿಲು ತೆಗೆದರು.

ಬಂಗುಡೆಯ ಹೊಟ್ಟೆಯ ಕಡೆಯಿಂದ ಒಂದು ಚೂರು ಇರಲಿಲ್ಲ. ಅಪ್ಪ ಮೀನು ಮುರಿಯುತ್ತಿದ್ದದ್ದು ಯಾವಾಗಲೂ ಅಲ್ಲಿಂದಲೇ. ಎಲೆಯ ಈಚೆ, ಬೂದು ಬಣ್ಣದ ಕಾರ್ಪೆಟಿನ ಮೇಲೆ, ಒಂದು ಹಿಡಿಯಷ್ಟು ಮರಳು. ಮುಟ್ಟಿ ನೋಡಿದೆ, ಒದ್ದೆ ಇತ್ತು. ನಮ್ಮ ಚಪ್ಪಲಿಗಳು ಹಿಂದಿನ ದಿನದಿಂದ ಕಾರಿನಲ್ಲೇ ಇದ್ದವು. ಬಡಿಸುವಾಗ ಮೀನು ಮುರಿದಿರಬಹುದು ಅಂತ ಸುಕೇಶ್ ಅಂದರು. ಹೇಳಿದ ಅವರಿಗೇ ನಂಬಿಕೆ ಇದ್ದ ಹಾಗೆ ಇರಲಿಲ್ಲ. ಅಮ್ಮ ನಮ್ಮ ಮಾತು ಕೇಳಲೇ ಇಲ್ಲ. ಆ ಎಲೆಯ ಮುಂದೆ ಕೂತು, ಉಳಿದ ಮೀನನ್ನು ಮುಳ್ಳು ಬಿಡಿಸಿ ಬಿಡಿಸಿ, ಕಣ್ಣೀರು ಸುರಿಸುತ್ತಾ ಪೂರ್ತಿ ತಿಂದರು. ನನಗೆ ಭಯಕ್ಕಿಂತ ಸಂತೋಷವೇ ಹೆಚ್ಚಾಯಿತು, ಸುಳ್ಳು ಯಾಕೆ ಹೇಳಲಿ.

ಆ ಸಂತೋಷ ಯತೀಶಣ್ಣನಿಗೆ ಫೋನ್ ಮಾಡುವವರೆಗೆ. ಅವನು ಎಲ್ಲವನ್ನೂ ಕೇಳಿ, "ಅಲ್ಲ ಮಾರಾಯ್ತಿ, ಅಪ್ಪನನ್ನು ಎಲ್ಲಿಗೆ ಕರೆದದ್ದು ನೀವು? ಬಾಡಿಗೆ ಮನೆಗಾ?" ಅಂದ.

ಅದು ನಮಗೆ ಹೊಳೆದೇ ಇರಲಿಲ್ಲ. ಒಳಗೆ ಬಂದವರು ಬಂದ ಮನೆಯವರೇ ಆಗುತ್ತಾರೆ. ಅಪ್ಪನ ಅಪ್ಪ, ಅಜ್ಜಿ, ಎಲ್ಲರೂ ಇರುವುದು ಮಲ್ಪೆಯ ಮನೆಯ ಒಳಕೋಣೆಯಲ್ಲಿ. ಇಲ್ಲಿ ಅವರಿಗೆ ಯಾರಿದ್ದಾರೆ? ಅಮ್ಮ ಫೋನ್ ಇಟ್ಟು ಬಹಳ ಹೊತ್ತು ಮಗಳ ತೊಟ್ಟಿಲು ತೂಗುತ್ತಾ ಕೂತರು. ಮಗಳ ಮನೆ ತನ್ನ ಮನೆಯೇ ಅಂದುಕೊಂಡು ಕರೆದುಬಿಟ್ಟೆ ಅಂದರು. ಅವರನ್ನು ಬೈಯುವುದು ಹೇಗೆ? ನನಗೆ ಆ ಮಾತು ಕೇಳಿ ಅಳು ಬಂತು.

ವೀಸಾ ಮುಗಿದು ಅಮ್ಮ ಹೊರಡುವ ದಿನ ಆ ಕೋಣೆಯ ಬಾಗಿಲಲ್ಲಿ ನಿಂತು ಪಿಸುಗುಟ್ಟಿದರು. ಏರ್‌ಪೋರ್ಟಿನಲ್ಲಿ ನನ್ನ ಕೈ ಹಿಡಿದು, ಹೊರಡಿ ಅಂತ ಹೇಳಿದ್ದೇನೆ, ಬರುತ್ತಾರೋ ಇಲ್ಲವೋ, ಅಷ್ಟು ನೀರು ದಾಟುವುದೆಂದರೆ ಅವರಿಗೆ ಈಗ ಹೆದರಿಕೆ ಇರಬಹುದು ಅಂದರು. ಊರು ಮುಟ್ಟಿದ ಮೇಲೆ ಫೋನಿನಲ್ಲಿ ಮೊದಲು ಹೇಳಿದ್ದೇ, ಇಲ್ಲಿಗೆ ಬರಲಿಲ್ಲ ಅಂತ. ನನಗೆ ಗೊತ್ತಿತ್ತು. ಆ ಕೋಣೆಯಲ್ಲಿ ಎಷ್ಟು ವ್ಯಾಕ್ಯೂಮ್ ಹೊಡೆದರೂ ಮತ್ತೆ ಮರಳು. ಇನ್‌ಸ್ಪೆಕ್ಷನ್ನಿಗೆ ಬಂದ ಏಜೆಂಟ್ ಕೂಡ ಬಗ್ಗಿ ನೋಡಿ, ಬೀಚಿಗೆ ತುಂಬಾ ಹೋಗುತ್ತೀರಿ ಅಂತ ಕಾಣುತ್ತದೆ, ಕಾರ್ಪೆಟ್ ಜೋಪಾನ ಅಂದಳು.

ಅಷ್ಟರಲ್ಲಿ ಮನೆಯ ಮಾಲೀಕರು ಮನೆ ಮಾರಲು ಹೊರಟರು. ಮೆಲ್ಬರ್ನಿನದೇ ಇನ್ನೊಂದು ಸಬರ್ಬ್ ವಿಂಡಮ್ ವೇಲಿನಲ್ಲಿ ನಾವು ಕಟ್ಟಿಸುತ್ತಿದ್ದ ಮನೆಯ ಕೀಲಿಯೂ ಆ ಏಪ್ರಿಲಿನಲ್ಲಿ ಸಿಕ್ಕಿತು. ಸ್ವಂತ ಮನೆ! ಲಿವರ್‌ಪೂಲಿನಲ್ಲಿ ಇದರ ಕನಸು ಕಂಡವಳು ನಾನು. ಆದರೆ ಸಾಮಾನು ಕಟ್ಟುವಾಗ ನನ್ನ ಎದೆಯಲ್ಲಿದ್ದದ್ದು ಒಂದೇ. ಗುರುತು ಪರಿಚಯವಿಲ್ಲದವರು ಇಲ್ಲಿಗೆ ಬರುತ್ತಾರೆ, ಕಾರ್ಪೆಟ್ ಕಿತ್ತು ಬಿಸಾಡುತ್ತಾರೆ. ಅಪ್ಪ ಯಾರ ಮನೆಯಲ್ಲಿ ಉಳಿಯುವುದು? ಇದೇ ಸಮಯ, ಅವರನ್ನು ಊರಿಗೆ ಕಳಿಸಿ ಅಂತ ಯತೀಶಣ್ಣ ದಿನಾ ಫೋನ್. ಕಳಿಸುವುದೆಂದರೆ ಕೊರಿಯರ್ ಅಂದುಕೊಂಡಿದ್ದಾನಾ ಅಂತ ನನಗೆ ಸಿಟ್ಟು. ಆದರೆ ಹಕ್ಕು ಅವನದ್ದೇ.

ಕೊನೆಯ ದಿನ ಟ್ರಕ್ ಹೋದ ಮೇಲೆ ಖಾಲಿ ಮನೆಯಲ್ಲಿ ನಾನೊಬ್ಬಳೇ ಉಳಿದೆ. ಆ ಕೋಣೆಯ ಬಾಗಿಲಲ್ಲಿ ನಿಂತು "ಅಪ್ಪಾ" ಅಂದೆ. ನನ್ನ ದನಿಯೇ ಗೋಡೆಗೆ ಬಡಿದು ಬಂತು. ನಾನು ಕರೆದರೆ ಅವರು ಯಾವತ್ತು ಎದ್ದಿದ್ದಾರೆ? ಅಮ್ಮನಿಗೆ ಫೋನ್ ಹಚ್ಚಿ, ಸ್ಪೀಕರಿಗೆ ಹಾಕಿ, ಕಾರ್ಪೆಟಿನ ನಡುವೆ ಇಟ್ಟೆ. ನೀವೇ ಕರೆಯಿರಿ, ಎಲ್ಲಿಗೆ ಅನ್ನುವುದನ್ನೂ ನೀವೇ ಹೇಳಿ ಅಂದೆ. ಆಚೆ ಕಡೆ ಕಾಗೆ ಕೂಗುವುದು ಕೇಳುತ್ತಿತ್ತು. ಊರಿಗೇ ಕರಿ ಅಮ್ಮ, ಅಂತ ಯತೀಶಣ್ಣ ಪಕ್ಕದಲ್ಲೇ ಹೇಳಿದ್ದೂ ಕೇಳಿತು. ಆಮೇಲೆ ಅಮ್ಮನ ದನಿ.

"ಕೇಳಿತಾ? ಅವಳು ಮನೆ ಬಿಡುತ್ತಾಳೆ. ಇಲ್ಲಿ ನನಗೆ ಯತೀಶ ಇದ್ದಾನೆ. ಅಲ್ಲಿ ಅವಳನ್ನು ಅಂಗಳದಿಂದ ಕರೆಯುವವರು ಒಬ್ಬರೂ ಇಲ್ಲ. ನೀವು ಅವಳ ಜೊತೆಗೇ ಹೋಗಿ."

ನಾನು ಆ ಕಾರ್ಪೆಟಿನ ಮೇಲೆ ಕೂತು ಬಿಕ್ಕಿ ಬಿಕ್ಕಿ ಅತ್ತೆ. ಅಷ್ಟು ವರ್ಷ ಕಾದು ಕರೆದು ತಂದವರನ್ನು ಅಮ್ಮ ನನಗೆ ಕೊಟ್ಟುಬಿಟ್ಟರು. ಹೊರಗೆ ಬಂದು ಕಾರಿನ ಹಿಂದಿನ ನಡುಸೀಟಿನಿಂದ ಮಗಳ ಬ್ಯಾಗ್ ಎತ್ತಿ ಮುಂದಕ್ಕೆ ಇಟ್ಟುಕೊಂಡೆ. ಫ್ರೀವೇ ಪೂರ್ತಿ ಸೀಮೆಎಣ್ಣೆ ವಾಸನೆ. ದ್ವೀಪದ ಹಕ್ಕಿಗಳು ಉತ್ತರಕ್ಕೆ ಹೊರಡುವ ವಾರಗಳು ಅವು. ಹೊಸ ಮನೆಯ ಹಿಂಬದಿಯ ಕೋಣೆಯಲ್ಲಿ 'ಒಳಗೆ ಬನ್ನಿ' ಅಂದೆ. ಮಾರನೆಯ ದಿನ ಅಲ್ಲಿ ಮರಳಿತ್ತು. ಸುತ್ತ ಮನೆ ಕಟ್ಟುತ್ತಿದ್ದಾರೆ, ಗಾಳಿಗೆ ಬಂದಿರಬೇಕು ಅಂದರು ಸುಕೇಶ್. ಅದು ಒದ್ದೆ ಇತ್ತು ಅಂತ ನಾನು ಅವರಿಗೆ ಹೇಳಲು ಹೋಗಲಿಲ್ಲ.

ಮೊನ್ನೆ ಮಗಳನ್ನು ಕರೆದುಕೊಂಡು ಊರಿಗೆ ಹೋದೆ. ಊರಿನಿಂದ ಹೊರಡುವಾಗ ಅಂಗಳದಲ್ಲಿ ನಿಂತು 'ಹೋಗಿ ಬರುತ್ತೇನೆ' ಅನ್ನುವುದು ನಮ್ಮ ರೂಢಿ. ಈ ಸಲ ವಿಂಡಮ್ ವೇಲಿನಲ್ಲೇ, ಸೂಟ್‌ಕೇಸ್ ಬಾಗಿಲಿಗೆ ಇಟ್ಟು, ಹಿಂದಿನ ಕೋಣೆಯ ಎದುರು ಕೆಮ್ಮಿ, ಅದೇ ಮಾತು ಹೇಳಿ ಹೊರಟೆ. ಮಲ್ಪೆಯ ಮನೆಯ ಮುಂದೆ ರಿಕ್ಷಾದಿಂದ ಇಳಿದಾಗ ಅಮ್ಮ ಜಗಲಿಯಲ್ಲಿ ಕಾಯುತ್ತಿದ್ದರು. ಒಲೆಯ ಮೇಲೆ ಮೀನು ಕುದಿಯುವ ಪರಿಮಳ ರಸ್ತೆಯವರೆಗೆ ಬಂದಿತ್ತು. ಅವರು ನನ್ನನ್ನು ನೋಡಿದರು, ಮೊಮ್ಮಗಳನ್ನು ನೋಡಿದರು. ಆಮೇಲೆ ನಮ್ಮ ಹಿಂದೆ, ಖಾಲಿ ರಿಕ್ಷಾದ ಒಳಗೆ, ಸ್ವಲ್ಪ ಹೊತ್ತು ನೋಡುತ್ತಲೇ ನಿಂತರು.

"ಮನೆಯಲ್ಲಿದ್ದಾರೆ ಅಮ್ಮ," ಅಂದೆ.

ಯಾವ ಮನೆ ಅಂತ ಅವರು ಕೇಳಲಿಲ್ಲ. ಮೊಮ್ಮಗಳ ಕೈ ಹಿಡಿದು, ನನ್ನ ಕಡೆ ತಿರುಗಿ, ಒಳಗೆ ಬಾ ಅಂತ ಕರೆದರು.